ಒದ್ದೆ ಕುರಿಗೆ ಓಟು

ಸಿರಿ, ಪ್ರಣವ, ನಾನು ವಾಪಸು ಬಂದ ದಿನದಿಂದ ನೀವಿಬ್ಬರೂ ಕೇಳುತ್ತಿರುವುದು ಒಂದೇ ಮಾತು: ‘ಕಾಂಗರೂ ನೋಡಿದ್ಯಾ ಅಜ್ಜಿ?’ ನೋಡಿದೆ. ರಸ್ತೆ ಪಕ್ಕದಲ್ಲಿ ಕಾಲು ಮೇಲೆ ಮಾಡಿಕೊಂಡು ಸತ್ತು ಬಿದ್ದಿತ್ತು. ಬದುಕಿದ್ದವನ್ನೂ ಆಮೇಲೆ ನೋಡಿದೆ, ಆದರೆ ಅಷ್ಟು ಹೊತ್ತಿಗೆ ನನಗೆ ಬೇರೆ ಚಿಂತೆ ಹತ್ತಿತ್ತು. ನಾನು ಅಲ್ಲಿ ಕಣ್ತುಂಬ ನೋಡಿದ್ದು ಕುರಿ. ಆಸ್ಟ್ರೇಲಿಯಾಕ್ಕೆ ಹೋಗಿ ಕುರಿ ನೋಡಿಕೊಂಡು ಬಂದಳು ಎಂದು ನಿಮ್ಮಪ್ಪ ನಗುತ್ತಾನೆ. ನಗಲಿ. ನಾಲ್ಕು ಜನ ಕೂತ ಕಡೆ ನನಗೆ ಮಾತು ಹೊರಡುವುದಿಲ್ಲ, ಅದಕ್ಕೇ ಬರೆದಿಡುತ್ತಿದ್ದೇನೆ. ಚಿಕ್ಕನಾಯಕನಹಳ್ಳಿ ಕಡೆಯ ನನ್ನ ತವರಿನ ಸ್ಕೂಲಿನಲ್ಲಿ ಏಳನೇ ತರಗತಿವರೆಗೆ ಕಲಿತ ಕನ್ನಡ. ತಪ್ಪು ಕಂಡರೆ ನೀವೇ ತಿದ್ದಿಕೊಳ್ಳಿ.

ಹೋಗಬೇಕಾಗಿ ಬಂದದ್ದು ನಿಮ್ಮ ಶೋಭತ್ತೆಯ ಕಾಲಿನಿಂದ. ಅವಳು ಅಲ್ಲಿ ದನಕುರಿಗಳ ಡಾಕ್ಟರು. ಒಂದು ಟಗರು ಗುದ್ದಿ ಮೊಣಕಾಲಿನ ಕೆಳಗೆ ಮೂಳೆ ಮುರಿಯಿತು. ಫೋನಿನಲ್ಲಿ ಅತ್ತಳು. ‘ಅವ್ವಾ, ಎರಡ್ ತಿಂಗ್ಳು ಬಂದು ಅನ್ನ ಬೇಯ್ಸಾಕವ್ವ, ಇಲ್ಲಿ ಬ್ರೆಡ್ ತಿಂದೂ ತಿಂದೂ ಸಾಕಾಗೋಗೈತೆ.’ ನಿಮ್ಮ ತಾತ ಇದ್ದಿದ್ದರೆ ನಾನು ಹೋಗುತ್ತಲೇ ಇರಲಿಲ್ಲ, ಅವರೇ ಹೋಗುತ್ತಿದ್ದರು. ಆ ಮನುಷ್ಯನಿಗೆ ಊರೂರು ತಿರುಗುವ ಆಸೆ. ನನಗೆ ತಿಪಟೂರಿಗೆ ಹೋಗಿ ಬಂದರೇ ಎರಡು ದಿನ ಮೈಕೈ ನೋವು.

ಏರ್‌ಪೋರ್ಟಿನಲ್ಲಿ ಚಪ್ಪಲಿ

ಇಳಿದ ಕೂಡಲೇ ಒಂದು ಹುಡುಗಿ ನನ್ನ ಚಪ್ಪಲಿ ಬಿಚ್ಚಿಸಿದಳು. ತೋಟಕ್ಕೆ ಹಾಕಿಕೊಂಡು ಹೋಗುವ ಚಪ್ಪಲಿಯಲ್ಲೇ ನಾನು ಹೊರಟುಬಿಟ್ಟಿದ್ದೆ. ಅಡಿಯಲ್ಲಿ ಅಂಟಿದ್ದ ನಮ್ಮೂರು ಹೊನ್ನವಳ್ಳಿಯ ಮಣ್ಣನ್ನು ಆ ಹುಡುಗಿ ಬ್ರಷ್ಷಿನಿಂದ ಉಜ್ಜಿ, ಏನೋ ಔಷಧಿ ಸಿಂಪಡಿಸಿ, ಒರೆಸಿ, ಎರಡೂ ಕೈಯಲ್ಲಿ ಹಿಡಿದು ವಾಪಸು ಕೊಟ್ಟಳು. ಬೇರೆಯವರ ಕೈಯಲ್ಲಿ ಚಪ್ಪಲಿ ತೊಳೆಸಿಕೊಂಡದ್ದು ಅದೇ ಮೊದಲು, ನಾಚಿಕೆಯಿಂದ ತಲೆ ಎತ್ತಲಿಲ್ಲ. ಶೋಭನಿಗೆಂದು ಹಳೇ ಸೀರೆಯ ತುಂಡಿನಲ್ಲಿ ಸುತ್ತಿ ಒಯ್ದಿದ್ದ ಕೊಬ್ಬರಿ ಗಿಟಕುಗಳನ್ನು ತಿರುಗಿಸಿ ತಿರುಗಿಸಿ ನೋಡಿ, ಮತ್ತೊಬ್ಬನನ್ನು ಕರೆದು ತೋರಿಸಿ, ಕೊನೆಗೆ ಕಸದ ಡಬ್ಬಕ್ಕೆ ಹಾಕಿದರು. ವರ್ಷವೆಲ್ಲ ಅಟ್ಟದ ಮೇಲಿಟ್ಟು ಒಣಗಿಸಿದ್ದು. ‘ಹುಳ ಬರ್ಬಾರ್ದು ಅಂತ ಕಣವ್ವ, ಅವ್ರಿಗೆ ಅವ್ರ ಕುರಿ ಭಯ’ ಎಂದಳು ಹೊರಗೆ ಊರುಗೋಲು ಹಿಡಿದು ಕಾಯುತ್ತಿದ್ದ ಶೋಭ. ಕೊಬ್ಬರಿಗೂ ಕುರಿಗೂ ಏನು ಸಂಬಂಧ ಎಂದು ಕೇಳಲು ನನಗೆ ಶಕ್ತಿ ಇರಲಿಲ್ಲ.

ಆಮೇಲೆ ಅವಳ ಜೊತೆ ಕೆಲಸ ಮಾಡುವವನೊಬ್ಬ ಓಡಿಸಿದ ಕಾರಿನಲ್ಲಿ ಕೂತದ್ದು ಕೂತದ್ದೇ. ಒಂದು ಮರದಿಂದ ಇನ್ನೊಂದು ಮರಕ್ಕೆ ಒಂದು ಊರಿನಷ್ಟು ದೂರ. ನಮ್ಮ ಕಡೆ ಎಲ್ಲಿ ನಿಂತರೂ ತಲೆ ಮೇಲೆ ತೆಂಗಿನ ಗರಿ ಇರುತ್ತದೆ. ಅಲ್ಲಿ ತಲೆ ಮೇಲೆ ಏನೂ ಇಲ್ಲ. ಬರೀ ಗಾಳಿ.

ಜೋನಮ್ಮ

ಶೋಭ ಬಾಡಿಗೆಗಿರುವ ಪುಟ್ಟ ಮನೆ ಜೋನ್ ಎನ್ನುವವರ ಕುರಿ ಜಮೀನಿನ ಒಂದು ಮೂಲೆಯಲ್ಲಿದೆ. ನನಗಿಂತ ನಾಲ್ಕೈದು ವರ್ಷ ದೊಡ್ಡವರು, ನನ್ನ ಹಾಗೇ ಗಂಡನನ್ನು ಕಳಕೊಂಡವರು. ನನಗೆ ಬರೀ ಹೆಸರು ಹಿಡಿದು ಕರೆಯಲು ಬಾಯಿ ಬರಲಿಲ್ಲ, ಜೋನಮ್ಮ ಎಂದೆ. ಅವರಿಗೆ ಅದು ಹಿಡಿಸಿತು. ನಾಯಿಯನ್ನು ಬೈಯುವಾಗ ಕೂಡ ‘ಜೋನಮ್ಮ ಹೇಳಿದ್ದು ಕೇಳು’ ಎಂದು ಅವರ ಭಾಷೆಯಲ್ಲಿ ಗದರುತ್ತಿದ್ದರಂತೆ.

ಅಷ್ಟು ದೊಡ್ಡ ಜಮೀನಿಗೆ ಅವರೊಬ್ಬರೇ, ಒಂದು ನಾಯಿ, ಮತ್ತೆ ಮಂಡಿನೋವು. ಕುರಿಗಳು ಅವರ ಗಂಡನ ಅಜ್ಜನ ಕಾಲದಿಂದ ಬಂದ ಹಿಂಡು. ಹೊರಗಿಂದ ನೋಡಿದರೆ ಬೂದಿಯಲ್ಲಿ ಹೊರಳಿದ ಹಾಗೆ ಕೊಳಕು. ಜೋನಮ್ಮ ಒಂದನ್ನು ಹಿಡಿದು ಉಣ್ಣೆಯನ್ನು ಎರಡು ಬೆರಳಲ್ಲಿ ಬಿಡಿಸಿ ತೋರಿಸಿದರು. ಒಳಗೆ ಬೆಳ್ಳಗೆ, ಒಡೆದ ಕಾಯಿಯ ಹಾಗೆ. ಎಳೆ ನಮ್ಮ ತಲೆಗೂದಲಿಗಿಂತ ಎಷ್ಟೋ ತೆಳು. ಮುಟ್ಟಿದರೆ ಬೆರಳಿಗೆ ಜಿಡ್ಡು ಹತ್ತುತ್ತದೆ, ಕೈ ಮೆತ್ತಗಾಗುತ್ತದೆ. ನಮ್ಮ ಕಡೆಯ ಕರಿ ಕಂಬಳಿ ಮುಟ್ಟಿ ಬೆಳೆದವಳು ನಾನು. ಉಣ್ಣೆ ಅಂದರೆ ಚುಚ್ಚಬೇಕು ಎಂದೇ ತಿಳಿದಿದ್ದೆ.

ಸಂಜೆ ಹೊತ್ತು ದೊಡ್ಡಿಯ ಮುಂದಿನ ಬೆಂಚಿನಲ್ಲಿ ಮೂವರೂ ಕೂರುತ್ತಿದ್ದೆವು. ಶೋಭ ಪ್ಲಾಸ್ಟರ್ ಹಾಕಿದ ಕಾಲನ್ನು ಬಕೆಟ್ಟಿನ ಮೇಲಿಟ್ಟುಕೊಂಡು ಅತ್ತಲಿನ ಮಾತು ಇತ್ತ, ಇತ್ತಲಿನದು ಅತ್ತ ದಾಟಿಸುತ್ತಿದ್ದಳು. ನಿಮ್ಮಲ್ಲಿ ಕುರಿ ಇವೆಯಾ ಎಂದು ಜೋನಮ್ಮ ಕೇಳಿದರು. ನಮ್ಮದಿಲ್ಲ, ಆದರೆ ಬೇಸಿಗೆಯಲ್ಲಿ ಸಣ್ಣಪ್ಪ ತನ್ನ ಮಂದೆ ತಂದು ನಮ್ಮ ತೋಟದಲ್ಲಿ ನಿಲ್ಲಿಸುತ್ತಾನೆ, ಗೊಬ್ಬರ ಬೀಳುತ್ತದೆ, ಅದಕ್ಕೆ ನಾವು ಅವನಿಗೆ ರಾಗಿ ಕೊಡುತ್ತೇವೆ ಎಂದೆ.

ಜೋನಮ್ಮ ಹೊಟ್ಟೆ ಹಿಡಿದುಕೊಂಡು ನಕ್ಕರು. ‘ಕುರಿ ಬಂದು ಮಲಗಿದ್ದಕ್ಕೆ ನೀವೇ ಬಾಡಿಗೆ ಕೊಡ್ತೀರಾ? ನನ್ನ ಕುರಿಗಳನ್ನೆಲ್ಲ ಅಲ್ಲಿಗೇ ಕಳಿಸ್ತೀನಿ.’

‘ಕಳ್ಸಿ ಅನ್ನೇ’ ಎಂದೆ ಶೋಭನಿಗೆ. ‘ಆದ್ರೆ ಉಣ್ಣೆ ಕೇಳೋರು ನಮ್ಮಲ್ಲಿ ಇಲ್ಲ ಅನ್ನು.’

ನಿಜ ತಾನೇ. ಸಣ್ಣಪ್ಪ ಕತ್ತರಿಸಿದ ತುಪ್ಪಟವನ್ನು ಬೇಲಿಗೆ ಎಸೆದು ಹೋಗುವುದನ್ನು ನೀವೂ ನೋಡಿದ್ದೀರಿ. ಕಂಬಳಿ ನೇಯುವವರು ಕಡಿಮೆಯಾದರು. ಅವನ ಮಂದೆಯಲ್ಲಿ ಈಗ ಉಣ್ಣೆಯೇ ಇಲ್ಲದ ಕೆಂದ ಕುರಿಗಳೇ ಜಾಸ್ತಿ, ಮಾಂಸಕ್ಕೆ ಬೆಲೆ ಬರುವಂಥವು. ಜೋನಮ್ಮನ ಕಡೆಯೂ ಹಾಗೇ ಆಗಿದೆಯಂತೆ. ಸುತ್ತಲಿನವರು ಒಬ್ಬೊಬ್ಬರಾಗಿ ನಯ ಉಣ್ಣೆಯ ಕುರಿ ಮಾರಿ, ತುಪ್ಪಟ ತಾನೇ ಉದುರಿಹೋಗುವ ಮಾಂಸದ ತಳಿ ತಂದಿದ್ದಾರೆ. ಯಾಕೆಂದರೆ ಕತ್ತರಿಸುವವರೇ ಸಿಗುವುದಿಲ್ಲ. ಬೆನ್ನು ಬಗ್ಗಿಸಿ ದಿನವಿಡೀ ಕುರಿ ಹಿಡಿಯುವ ಕೆಲಸಕ್ಕೆ ಹುಡುಗರು ಬರುವುದಿಲ್ಲ. ನಮ್ಮಲ್ಲಿ ಮರ ಹತ್ತಿ ಕಾಯಿ ಕೀಳುವವರಿಗೆ ಹೇಗೆ ಮನೆಬಾಗಿಲಿಗೆ ಅಲೆಯುತ್ತೇವೋ ಹಾಗೆ ಅಲ್ಲಿ ಕತ್ತರಿಯವರಿಗೆ ಅಲೆಯುತ್ತಾರೆ. ಸೂಜಿ ಚುಚ್ಚಿದರೆ ಉಣ್ಣೆ ತಾನಾಗಿ ಕಳಚಿಕೊಳ್ಳುವ ಪ್ರಯೋಗ ನಡೀತಾ ಇದೆ ಎಂದು ಶೋಭ ಹುರುಪಿನಿಂದ ಹೇಳಿದಳು. ‘ಅದು ಬರೋ ಹೊತ್ತಿಗೆ ನನ್ನನ್ನು ಮಣ್ಣು ಮಾಡಿರ್ತಾರೆ’ ಎಂದರು ಜೋನಮ್ಮ.

ಇನ್ನೊಂದು ತಾಪತ್ರಯ ನೊಣದ್ದು. ಈ ಕುರಿಗಳಿಗೆ ಹಿಂಭಾಗದಲ್ಲಿ ಚರ್ಮ ಮಡಿಕೆ ಮಡಿಕೆಯಾಗಿರುತ್ತದೆ. ಅಲ್ಲಿ ತೇವ ನಿಂತರೆ ನೊಣ ಮೊಟ್ಟೆ ಇಡುತ್ತದೆ, ಹುಳವಾಗಿ ಕುರಿಯನ್ನು ಜೀವಂತ ತಿನ್ನುತ್ತದೆ. ಅದಕ್ಕೆ ಮರಿಯಲ್ಲೇ ಆ ಚರ್ಮವನ್ನು ಕತ್ತರಿಸಿ ತೆಗೆಯುವ ರೂಢಿ. ಹಿಂಸೆ ಎಂದು ಉಣ್ಣೆ ಕೊಳ್ಳುವವರು ಆಕ್ಷೇಪಿಸಿದ ಮೇಲೆ ಜೋನಮ್ಮ ಬಿಟ್ಟುಬಿಟ್ಟರು. ಬಿಟ್ಟದ್ದು ಸರಿಯೇ. ಆದರೆ ಅಂದಿನಿಂದ ಮಳೆಗಾಲ ಮುಗಿದು ಬಿಸಿಲು ಬರುವುದರೊಳಗೆ ಕತ್ತರಿ ಆಗಲೇಬೇಕು. ತಡವಾದರೆ ನೊಣ.

‘ಈ ಸಲದ ಕತ್ತರಿ ಸುಸೂತ್ರವಾಗಿ ಆಯಿತೋ, ಇನ್ನೊಂದು ವರ್ಷ ಇದೇ ಹಿಂಡು’ ಎಂದರು ಅವರು. ‘ಆಗಲಿಲ್ಲವೋ, ನಾನೂ ಟಗರು ಬದಲಾಯಿಸಿ ಆ ಉದುರುವ ತಳಿಯನ್ನೇ ಮಾಡ್ಕೊಂಡುಬಿಡ್ತೀನಿ. ನನಗೂ ಸುಸ್ತಾಗಿದೆ.’ ಆ ಕೊನೆಯ ಮಾತು ಶೋಭ ದಾಟಿಸದೆಯೇ ನನಗೆ ತಿಳಿಯಿತು.

ಕತ್ತರಿಯ ಹಿಂದಿನ ದಿನ

ಕತ್ತರಿಯವರು ಬೆಳಗ್ಗೆ ಬರುವವರಿದ್ದರು. ಅವರಿಗೆ ಊಟತಿಂಡಿ ತರಲು ಜೋನಮ್ಮ ಪೇಟೆಗೆ ಹೋದರು. ಕುರಿಗಳನ್ನೆಲ್ಲ ಮುಂಚೆಯೇ ಹೊಡೆದುಕೊಂಡು ಬಂದು ದೊಡ್ಡಿಯಲ್ಲಿ ತುಂಬಿದ್ದರು. ಸಂಜೆ ಬಂದು ಶೆಡ್ಡಿನೊಳಗೆ ಕೂಡುತ್ತೇನೆ ಎಂದಿದ್ದರು. ಶೋಭ ಮಾತ್ರೆ ನುಂಗಿ ಮಲಗಿದ್ದಳು.

ನಾನು ಬೇಲಿ ಹತ್ತಿರ ನಿಂತು ಆ ಕುರಿಗಳನ್ನು ನೋಡಿದೆ. ಮೈಮೇಲೆ ಗೇಣು ಧೂಳು. ಇಂಥ ಕುರಿಗೆ ನಾಳೆ ಹೇಗೆ ಕತ್ತರಿ ಹಾಕುತ್ತಾರೆ? ನನ್ನ ತವರಿನಲ್ಲಿ ತುಪ್ಪಟ ಕತ್ತರಿಸುವ ಮೊದಲು ಮಂದೆಯನ್ನು ಕೆರೆಗೆ ಇಳಿಸುತ್ತಿದ್ದರು. ಒಂದೊಂದನ್ನೂ ಸೊಂಟಮಟ್ಟ ನೀರಿನಲ್ಲಿ ಹಿಡಿದು ಉಜ್ಜಿ, ಏರಿ ಮೇಲೆ ಬಿಟ್ಟರೆ ಒಪ್ಪೊತ್ತಿನಲ್ಲಿ ಒಣಗಿ ಗರಿಗರಿಯಾಗುತ್ತಿದ್ದವು. ಕೊಳಕು ಮೈಗೆ ಕತ್ತರಿ ಹಾಕಿದರೆ ನೋಡಿದವರು ಉಗಿಯುತ್ತಿದ್ದರು. ಪಾಪ, ಈಯಮ್ಮ ಒಬ್ಬರೇ, ಮಂಡಿ ಬೇರೆ ನೋವು, ತೊಳೆಯಲು ಆಗಿಲ್ಲ ಎಂದುಕೊಂಡೆ. ಬಂದಾಗಿನಿಂದ ಅವರು ನನಗೆ ಹೊದಿಕೆ ಕೊಟ್ಟಿದ್ದರು, ಸೊಪ್ಪು ಕೊಟ್ಟಿದ್ದರು, ಕಾಲುಚೀಲ ಕೊಟ್ಟಿದ್ದರು. ನಾನು ಏನೂ ಮಾಡಿರಲಿಲ್ಲ.

ದೊಡ್ಡಿಯ ಸುತ್ತ ನಮ್ಮ ತೋಟದ ಸ್ಪ್ರಿಂಕ್ಲರಿನಂಥದೇ ಪೈಪುಗಳಿದ್ದವು. ಕುರಿ ಇಲ್ಲದಾಗ ಧೂಳು ಕೂರಿಸಲು ಅವು ಎಂದು ನನಗೆ ಹೇಗೆ ಗೊತ್ತಾಗಬೇಕು? ಬೋರ್‌ವೆಲ್ಲಿನ ಗೇಟ್‌ವಾಲ್ ತಿರುಗಿಸಿ ಅಭ್ಯಾಸವಿರುವ ಕೈ, ತಿರುಗಿಸಿತು. ನೀರು ಎದ್ದಿತು. ಸೀರೆ ಎತ್ತಿ ಕಟ್ಟಿ, ಒಂದು ಬಕೆಟ್ಟು ಹಿಡಿದು ಒಳಗೇ ಇಳಿದೆ. ಕೈಗೆ ಸಿಕ್ಕಿದವನ್ನು ಸಿಕ್ಕಿದ ಹಾಗೆ ಉಜ್ಜಿದೆ. ಊರು ಬಿಟ್ಟ ಮೇಲೆ ನನಗೆ ಮೊದಲ ಸಲ ಹಗುರ ಅನ್ನಿಸಿದ್ದು ಆ ಹೊತ್ತಿನಲ್ಲೇ.

ಸದ್ದಿಗೆ ಶೋಭ ಎದ್ದು ಊರುಗೋಲು ಊರಿಕೊಂಡು ಬಂದಳು.

‘ಅವ್ವಾ! ಏನವ್ವಾ ಮಾಡ್ಬುಟ್ಟೆ?’

‘ತೊಳೀತಾ ಇವ್ನಿ ಕಣೇ. ನಾಳೆ ಕತ್ತರಿ ಅಲ್ವಾ?’

‘ಯಾರವ್ವಾ ಹೇಳಿದ್ರು ನಿಂಗೆ ತೊಳಿ ಅಂತ?’

‘ಯಾರ್ ಹೇಳ್ಬೇಕು? ಕುರಿ ತೊಳೀದೆ ಕತ್ತರಿ ಹಾಕ್ತಾರೇನೇ ಯಾರಾದ್ರೂ?’

ಅವಳು ಅಲ್ಲೇ ಬೆಂಚಿನ ಮೇಲೆ ಕುಸಿದಳು. ‘ಅಯ್ಯೋ ನನ್ನವ್ವ, ಒದ್ದೆ ಕುರೀನ ಅವ್ರು ಮುಟ್ಟಾಕಿಲ್ಲ ಕಣವ್ವಾ. ಮೊದ್ಲು ನೀರ್ ನಿಲ್ಸು ಬಾ.’

ನೀರು ನಿಂತಿತು. ಕುರಿಗಳು ಮಾತ್ರ ತೊಟ್ಟಿಕ್ಕುತ್ತಲೇ ಇದ್ದವು. ನಮ್ಮ ಕುರಿಯದು ಒರಟು ಕೂದಲು, ನೀರು ಜಾರಿಹೋಗುತ್ತದೆ. ಇವುಗಳ ಉಣ್ಣೆ ಹತ್ತಿ ಹಾಸಿಗೆಯ ಹಾಗೆ ಹೀರಿಕೊಂಡು ಕೂತಿತ್ತು. ಕತ್ತರಿಯವರಿಗೆ ಒದ್ದೆ ಉಣ್ಣೆಯಿಂದ ಕೀಲುನೋವು ಬರುತ್ತದಂತೆ. ಒದ್ದೆಯನ್ನು ಕಟ್ಟಿಟ್ಟರೆ ಮೂಟೆಯೊಳಗೆ ಬಿಸಿಯಾಗಿ ಕೊಳೆಯುತ್ತದಂತೆ. ಕೊಬ್ಬರಿ ಮನೆಯವಳು ನಾನು. ತೇವ ಏನು ಮಾಡುತ್ತದೆ, ಬೂಷ್ಟು ಹೇಗೆ ಹಿಡಿಯುತ್ತದೆ ಎಂದು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆದರೂ ಕುರಿಯ ವಿಷಯಕ್ಕೆ ಅದು ತಲೆಗೆ ಬರಲಿಲ್ಲ.

ಜೋನಮ್ಮ ಬಂದರು. ಒಂದು ಕುರಿಯ ಉಣ್ಣೆಯೊಳಗೆ ಬೆರಳು ಇಳಿಸಿ ಹಿಂಡಿದರು. ಮಣಿಕಟ್ಟಿನಿಂದ ನೀರು ಇಳಿಯಿತು. ಬೈದಿದ್ದರೆ ಚೆನ್ನಾಗಿತ್ತು. ಅವರು ನನ್ನ ಒದ್ದೆ ಸೀರೆ ನೋಡಿ, ಒಳಗೆ ಹೋಗಿ ಟೀ ಮಾಡಿಕೊಂಡು ಬಂದರು. ಆ ಲೋಟ ಹಿಡಿದುಕೊಳ್ಳುವುದು ಬೈಗುಳಕ್ಕಿಂತ ಕಷ್ಟವಾಯಿತು.

ಓಟಿನ ಬೆಳಗ್ಗೆ

ಕತ್ತರಿಯವರು ಬಂದರು. ದೊಡ್ಡ ದೊಡ್ಡ ಕೈಗಳು, ದಪ್ಪ ಬಟ್ಟೆಯ ಮೆತ್ತನೆ ಚಪ್ಪಲಿ, ಜೋರು ರೇಡಿಯೋ. ಅವರ ಮೇಸ್ತ್ರಿ ಒಂದು ಕುರಿಯ ಬೆನ್ನು ಸವರಿ, ಮೂಸಿ, ಶೋಭನ ಕಡೆ ತಿರುಗಿ ಏನೋ ಕೇಳಿದ. ಎಲ್ಲರೂ ನಕ್ಕರು.

‘ಏನಂತೆ?’ ಎಂದೆ.

‘ನಿಮ್ಮಮ್ಮ ಶಾಂಪೂ ಯಾವ್ದು ಹಾಕಿದ್ರು ಅಂತ ಕೇಳ್ತವ್ನೆ.’

ಅಲ್ಲಿ ಒಂದು ಪದ್ಧತಿಯಿದೆ. ಕುರಿ ಒದ್ದೆಯೋ ಒಣಗಿದೆಯೋ ಎಂದು ಯಜಮಾನರು ಹೇಳುವ ಹಾಗಿಲ್ಲ, ಮೇಸ್ತ್ರಿಯೂ ಹೇಳುವ ಹಾಗಿಲ್ಲ. ಒಬ್ಬೊಬ್ಬರೂ ಎರಡೆರಡು ಕುರಿ ಕತ್ತರಿಸಿ ನೋಡಬೇಕು. ಆಮೇಲೆ ಒಬ್ಬರದು ಒಬ್ಬರಿಗೆ ಕಾಣದ ಹಾಗೆ ಚೀಟಿಯಲ್ಲಿ ಒದ್ದೆ ಅಥವಾ ಒಣ ಎಂದು ಬರೆದು ಟೋಪಿಗೆ ಹಾಕಬೇಕು. ಪಂಚಾಯ್ತಿ ಎಲೆಕ್ಷನ್ನಿಗೆ ಹಾಕುವಷ್ಟೇ ಗಂಭೀರವಾಗಿ ಹಾಕಿದರು. ನಮ್ಮಲ್ಲಿ ಕಾಯಿ ಕೀಳುವವನು ‘ಮರ ಜಾರ್ತೈತೆ, ಇವತ್ತು ಹತ್ತಲ್ಲ’ ಎಂದರೆ ಎಷ್ಟು ಕೂಗಾಡುತ್ತೇವೆ! ಇಲ್ಲಿ ಆ ಮಾತನ್ನು ಹೇಳಲು ಅವನಿಗೆ ಓಟು ಇದೆ. ಅದು ನನಗೆ ಒಳ್ಳೆಯದಾಗಿ ಕಂಡಿತು. ಆದರೆ ಆವತ್ತು ಆ ಟೋಪಿಯ ಕಡೆ ನೋಡಲು ನನಗೆ ಧೈರ್ಯವಿರಲಿಲ್ಲ.

ಮೇಸ್ತ್ರಿ ಚೀಟಿಗಳನ್ನು ಬಿಡಿಸಿ ಓದಿದ. ಒದ್ದೆ, ಒದ್ದೆ, ಒದ್ದೆ. ಒಂದರಲ್ಲಿ ಮಾತ್ರ ಒಣ ಎಂದಿತ್ತು. ‘ಇವನ್ಯಾರೋ ಹೊಸದಾಗಿ ಮದುವೆಯಾದವನು, ಸಂಬಳ ಬೇಕಾಗಿದೆ’ ಎಂದ. ಮತ್ತೆ ನಗು. ಜೋನಮ್ಮನೂ ನಕ್ಕರು. ರೇಡಿಯೋ ಆರಿಸಿ, ತಂದಿದ್ದ ತಿಂಡಿ ತಿಂದು ಅವರು ಹೊರಟರು. ನಾಳೆ ನೋಡೋಣ ಎಂದರು.

ಕುರಿಗಳನ್ನು ಬಿಸಿಲಿಗೆ ಬಿಟ್ಟೆವು. ಮಾರನೆಯ ದಿನ ಬಿಸಿಲೇ ಬರಲಿಲ್ಲ, ಮೋಡ ಬಂತು. ಅದರ ಹಿಂದೆಯೇ ಮಳೆ. ಕತ್ತರಿಯವರಿಗೆ ಬೇರೆ ಕಡೆ ಮೊದಲೇ ಮಾತಾಗಿತ್ತು, ಹೋಗಿಬಿಟ್ಟರು. ಇನ್ನು ಅವರು ಈ ಕಡೆ ತಿರುಗುವುದು ದೀಪಾವಳಿ ಹೊತ್ತಿಗೆ ಎಂದು ಲೆಕ್ಕ ಹಾಕಿದೆ.

ನೊಣ

ಮಳೆ ನಿಂತು ಬಿಸಿಲು ಏರಿತು. ಕತ್ತರಿಗೆ ಮೊದಲು ಬರಬಾರದೆಂದು ಯಾವ ಬಿಸಿಲಿಗೆ ಜೋನಮ್ಮ ಹೆದರಿದ್ದರೋ ಅದೇ ಬಿಸಿಲು.

ಹುಳ ಬಿದ್ದ ಕುರಿಯನ್ನು ದೂರದಿಂದಲೇ ಗುರುತಿಸಬಹುದು. ಹಿಂಡಿನಿಂದ ಬೇರೆ ನಿಂತು ಕಾಲು ಝಾಡಿಸುತ್ತದೆ, ಬಾಲ ಕಚ್ಚಿಕೊಳ್ಳಲು ತಿರುಗುತ್ತದೆ. ನಾಯಿ ಅದನ್ನು ಹಿಡಿದು ನಿಲ್ಲಿಸುತ್ತಿತ್ತು. ನಾನು ತಲೆ ಹಿಡಿಯುತ್ತಿದ್ದೆ, ಜೋನಮ್ಮ ಮಂಡಿಯೂರಿ ಆ ಭಾಗದ ಉಣ್ಣೆ ಕತ್ತರಿಸಿ ಔಷಧಿ ಹುಯ್ಯುತ್ತಿದ್ದರು. ಹಸುವಿನ ಕೊಂಬಿನ ಗಾಯದಲ್ಲಿ ಹುಳ ತೆಗೆದು ಗೊತ್ತಿದ್ದವಳಾದ್ದರಿಂದ ನನಗೆ ಹೇಸಿಗೆ ಆಗಲಿಲ್ಲ. ವಾಸನೆ ಮಾತ್ರ ಸೀರೆಯಿಂದ ಹೋಗಲಿಲ್ಲ. ದಿನವೂ ಅದೇ. ಸಂಜೆ ಮನೆಗೆ ಬಂದು ಶೋಭನಿಗೆ ಮುದ್ದೆ ತೊಳಸಲು ನಿಂತರೆ ತೋಳು ಏಳುತ್ತಿರಲಿಲ್ಲ. ಕೆಲವು ಬದುಕಲಿಲ್ಲ. ಅವುಗಳಲ್ಲಿ ನಾನು ಬಕೆಟ್ಟು ಹಿಡಿದು ಉಜ್ಜಿದವು ಎಷ್ಟಿದ್ದವೋ, ನನಗೆ ಎಲ್ಲ ಕುರಿಗಳೂ ಒಂದೇ ಥರ ಕಾಣುತ್ತಿದ್ದವು.

ಒಂದು ದಿನ ನನಗೆ ತಡೆಯಲಾಗಲಿಲ್ಲ. ಶೋಭನನ್ನು ಬೇಲಿ ಹತ್ತಿರ ಕರೆದುಕೊಂಡು ಹೋಗಿ, ‘ಇದೆಲ್ಲ ನನ್ನಿಂದ ಆಯ್ತು ಅಂತ ಅವ್ರಿಗೆ ಹೇಳೇ’ ಎಂದೆ.

ಅವಳು ಹೇಳಿದಳು. ಜೋನಮ್ಮ ತಲೆ ಎತ್ತದೆ ಕತ್ತರಿ ಆಡಿಸುತ್ತಲೇ ಉತ್ತರ ಕೊಟ್ಟರು.

‘ನೀರ್ ಹಾಕಿದ್ದು ನೀನಂತೆ, ಮಳೆ ಹುಯ್ಸಿದ್ದು ನೀನಲ್ವಂತೆ’ ಎಂದಳು ಶೋಭ. ‘ಮಂಡಿನೋವು ಕೊಟ್ಟಿದ್ದೂ ನೀನಲ್ವಂತೆ. ಈ ವರ್ಷ ಅಲ್ದಿದ್ರೆ ಬರೋ ವರ್ಷ ಏನಾರ ಒಂದು ಬಂದೇ ಬರ್ತಿತ್ತಂತೆ. ತಲೆ ಗಟ್ಟಿಯಾಗಿ ಹಿಡ್ಕೋ ಅಂತವ್ರೆ.’

ಗಟ್ಟಿಯಾಗಿ ಹಿಡಿದುಕೊಂಡೆ. ಕುರಿಯ ತಲೆ.

ಕತ್ತರಿ ಆಯಿತು

ಕೊನೆಗೂ ಅವರು ಬಂದರು. ಈ ಸಲ ಚೀಟಿಗಳೆಲ್ಲ ಒಣ. ಯಂತ್ರದ ಕತ್ತರಿ ಹೊಟ್ಟೆಯಿಂದ ಹಿಡಿದು ಬೆನ್ನಿನವರೆಗೆ ಓಡಿದರೆ ಉಣ್ಣೆ ಎಲ್ಲ ಒಂದೇ ಹಾಸಾಗಿ ಕಳಚಿ ಬರುತ್ತದೆ. ಅದನ್ನು ಮೇಜಿನ ಮೇಲೆ ಬಲೆ ಬೀಸಿದ ಹಾಗೆ ಎಸೆದು ಹರಡುತ್ತಾರೆ. ನೋಡಿಯೇ ತೀರಬೇಕು.

ಮೇಜಿನ ಹತ್ತಿರ ಉಣ್ಣೆ ವಿಂಗಡಿಸುವ ಹೆಂಗಸೊಬ್ಬರು ನಿಂತಿದ್ದರು. ಒಂದು ಸಣ್ಣ ಕುಚ್ಚನ್ನು ಎಳೆದು, ಎರಡು ತುದಿ ಹಿಡಿದು, ಕಿವಿ ಹತ್ತಿರ ತಂದು ಬೆರಳಿನಿಂದ ಮೀಟುತ್ತಿದ್ದರು. ನಾವು ಕಾಯಿಯನ್ನು ಕಿವಿಗೆ ಹಿಡಿದು ಅಲುಗಿಸಿ ಒಳಗೆ ಗಿಟಕು ಬಿಟ್ಟುಕೊಂಡಿದೆಯೋ ಎಂದು ಕೇಳುವುದಿಲ್ಲವೇ, ಹಾಗೆ. ಗಟ್ಟಿ ಎಳೆ ತಂತಿಯ ಹಾಗೆ ಸದ್ದು ಮಾಡುತ್ತದೆ. ಸೋತ ಎಳೆ ನಡುವೆ ಹರಿಯುತ್ತದೆ. ಮಳೆಗೆ ಹಳದಿ ತಿರುಗಿದ್ದು ಒಂದು ಕಡೆ, ಹರಿಯುವುದು ಒಂದು ಕಡೆ, ಒಳ್ಳೆಯದು ಒಂದು ಕಡೆ. ಒಳ್ಳೆಯದರ ಗುಡ್ಡೆ ಬೆಳೆಯುವುದನ್ನೇ ನಾನು ಮೂಲೆಯಲ್ಲಿ ನಿಂತು ಕಾಯುತ್ತಿದ್ದೆ. ಬೆಳೆಯಿತು, ಆದರೆ ಹಳದಿಯದಷ್ಟು ಬೆಳೆಯಲಿಲ್ಲ.

ಜೋನಮ್ಮ ಒಂದು ಕುಚ್ಚನ್ನು ತಾವೇ ತೆಗೆದು ಕಿವಿಗೆ ಹಿಡಿದು ಮೀಟಿದರು. ಹರಿಯಿತು. ಇನ್ನೊಂದು ತೆಗೆಯಲಿಲ್ಲ. ಹೋಗಿ ಕತ್ತರಿಯವರಿಗೆ ಟೀ ಸುರಿದರು.

ಹೊರಡುವ ವಾರ

ಶೋಭನ ಪ್ಲಾಸ್ಟರ್ ಬಿಚ್ಚಿದರು. ಅವಳು ಕೆಲಸಕ್ಕೆ ಹೋಗತೊಡಗಿದಳು, ನಾನು ಬಟ್ಟೆ ಮಡಿಸತೊಡಗಿದೆ. ಒಂದು ಬೆಳಗ್ಗೆ ಮನೆಯಲ್ಲಿ ಒಬ್ಬಳೇ ಇದ್ದೆ, ಲಾರಿಯೊಂದು ಬಂದು ದೊಡ್ಡಿಯ ಹತ್ತಿರ ನಿಂತಿತು. ಜೋನಮ್ಮ ಕೈ ಬೀಸಿ ಕರೆದರು.

ಲಾರಿಯಿಂದ ಟಗರುಗಳು ಇಳಿದವು. ಬಿಳಿಯವು, ಎತ್ತರದವು, ಆಡಿನ ಹಾಗೆ ಮೋಟು ಕೂದಲು. ಬೆನ್ನಿನ ಮೇಲೆ ಹಳೆಯ ತುಪ್ಪಟ ಹರಿದ ಚಾಪೆಯ ಹಾಗೆ ಜೋತಾಡುತ್ತಿತ್ತು. ಒಂದರ ಮೈಯಿಂದ ಒಂದು ತುಂಡು ಬಿದ್ದು ಗಾಳಿಗೆ ಉರುಳಿಕೊಂಡು ಹೋಯಿತು. ಯಾರೂ ಅದನ್ನು ಎತ್ತಲಿಲ್ಲ. ಹಳೆಯ ಟಗರುಗಳು, ಕೊಂಬು ಸುರುಳಿ ಸುತ್ತಿಕೊಂಡು ಕತ್ತಿನ ತುಂಬ ಉಣ್ಣೆ ಹೊತ್ತವು, ಅದೇ ಲಾರಿಗೆ ಹತ್ತಿದವು. ಎಲ್ಲಿಗೆ ಎಂದು ಕೇಳಲು ನನಗೆ ಭಾಷೆ ಇರಲಿಲ್ಲ. ಇದ್ದಿದ್ದರೂ ಕೇಳುತ್ತಿರಲಿಲ್ಲ.

ಜೋನಮ್ಮ ಹೊಸ ಟಗರುಗಳ ಕಡೆ ಬೆರಳು ತೋರಿಸಿ, ನಿಧಾನವಾಗಿ, ನನಗೆ ಅರ್ಥವಾಗುವ ಇಂಗ್ಲಿಷಿನಲ್ಲಿ ಒಂದೇ ಮಾತು ಹೇಳಿದರು. ಇವಕ್ಕೆ ಯಾರೂ ಬೇಕಾಗಿಲ್ಲ ಎಂದು. ಆಮೇಲೆ ಗೇಟು ತೆಗೆ ಎಂದು ಸನ್ನೆ ಮಾಡಿದರು. ಆಚೆ ಬಯಲಿನಲ್ಲಿ ಹೊಸದಾಗಿ ಕತ್ತರಿಯಾದ ಹೆಣ್ಣು ಕುರಿಗಳು ಬೆಳ್ಳಗೆ ಮೇಯುತ್ತಿದ್ದವು.

ತೆಗೆದೆ. ಟಗರುಗಳು ಒಂದರ ಹಿಂದೆ ಒಂದು ನನ್ನ ಸೀರೆಗೆ ಒರಸಿಕೊಂಡು ದಾಟಿದವು. ಕುರಿಗಳು ತಲೆ ಎತ್ತಿ ನೋಡಿ, ಮತ್ತೆ ಮೇಯತೊಡಗಿದವು. ಮುಂದೆ ಹುಟ್ಟುವ ಮರಿಗಳ ಮೈಮೇಲೆ ಇಂಥ ಉಣ್ಣೆ ಇರುವುದಿಲ್ಲ ಎಂದು ಅವಕ್ಕೇನು ಗೊತ್ತು. ಗೇಟಿನ ಒಂದು ಕಡೆ ನೆಲಕ್ಕೆ ಕುಸಿದಿತ್ತು, ಒಬ್ಬಳಿಂದ ಮುಚ್ಚಲು ಆಗಲಿಲ್ಲ. ಜೋನಮ್ಮ ಬಂದು ಪಕ್ಕದಲ್ಲಿ ಹೆಗಲು ಕೊಟ್ಟರು. ಇಬ್ಬರೂ ಸೇರಿ ಎತ್ತಿ, ತಳ್ಳಿ, ಮುಚ್ಚಿದೆವು.